ಗೋಲಿ ಮಾಮನ ಸೆಕೆಂಡ್ ಲೆಗ್

ಕಳೆದ ಶನಿವಾರ ಬೆಳಿಗ್ಗೆ ಹೊಸ ತಿಪ್ಪಸಂದ್ರದ ಮಾರ್ಕೆಟ್ ರಸ್ತೆಯಲ್ಲಿ, ಔಷಧಿ ಅಂಗಡಿಗೆ ಸರಕು ತಂದಿದ್ದ ಆಟೊದಿಂದ ಒಂದು ರಟ್ಟಿನ ಪೆಟ್ಟಿಗೆ ಜಾರಿ ಬಿತ್ತು. ಒಳಗಿದ್ದ ನೀಲಗಿರಿ ಎಣ್ಣೆಯ ಸೀಸೆಗಳು ಒಡೆದವು. ಅಂಗಡಿಯವರು ಮರಳು ತಂದು ಸುರಿದರು. ಪಕ್ಕದಲ್ಲಿ ಸೊಪ್ಪು ಮಾರುವಾಕೆ ಮೂಗಿಗೆ ಸೆರಗು ಹಿಡಿದು ತನ್ನ ಬುಟ್ಟಿಯನ್ನು ಆಚೆಗೆ ಎಳೆದುಕೊಂಡಳು. ಹಾಲು ತರಲು ಹೋಗಿದ್ದ ನಾನು ಅಲ್ಲೇ ನಿಂತುಬಿಟ್ಟೆ. ಆ ವಾಸನೆ ನನ್ನ ಪಾಲಿಗೆ ಔಷಧಿಯದ್ದಲ್ಲ. ಅದು ನಮ್ಮ ಎದುರು ಮನೆಯ ವರಾಂಡದ ವಾಸನೆ.

ಆ ಮನೆಯಲ್ಲಿದ್ದವರನ್ನು ರಸ್ತೆಯವರೆಲ್ಲ ಗೋಲಿ ಮಾಮ ಎನ್ನುತ್ತಿದ್ದರು. ಹಲಸೂರು, ಆಸ್ಟಿನ್ ಟೌನ್ ಕಡೆಯ ಮೈದಾನಗಳಲ್ಲಿ ಗೋಲ್‌ಕೀಪರನ್ನು ಗೋಲಿ ಎಂದೇ ಕರೆಯುತ್ತಾರೆ. ಇದು ತಿಳಿಯದ ಹೊಸ ಬಾಡಿಗೆದಾರರು ಅವರು ಹಿಂದೆ ಗೋಲಿ ಸೋಡ ಮಾರುತ್ತಿದ್ದರು ಎಂದುಕೊಂಡದ್ದೂ ಉಂಟು. ಒಬ್ಬಾಕೆ ಮಗಳ ನಾಮಕರಣಕ್ಕೆ ಸೋಡ ಕಳಿಸ್ತೀರಾ ಎಂದು ಗೇಟಿನ ಬಳಿ ನಿಂತು ಕೇಳಿಯೇಬಿಟ್ಟರು. ಮಾಮ ಗಂಭೀರವಾಗಿ, "ಆ ಕೆಲ್ಸ ಬಿಟ್ಬಿಟ್ಟೆ ಕಣಮ್ಮ. ಬಾಟ್ಲಿ ಕೈ ಜಾರುತ್ತೆ" ಎಂದರು. ಆಕೆ ಹೋದ ಮೇಲೆ ಅತ್ತೆ, ಅಂದರೆ ಅವರ ಹೆಂಡತಿ, ಒಳಗಿನಿಂದಲೇ ನಕ್ಕರು. ಮಾಮ ನಗಲಿಲ್ಲ.

ಕೈ ಜಾರಿದ್ದರ ಹಿಂದೆ ಒಂದು ಕತೆ ಇತ್ತು. ಊರಿನ ಪೂರ್ವಕ್ಕಿದ್ದ ಒಂದು ಕಾರ್ಖಾನೆಯಲ್ಲಿ ಅವರು ಫಿಟರ್ ಆಗಿದ್ದರು. ಕೆಲಸ ಸಿಕ್ಕಿದ್ದು ಫುಟ್‌ಬಾಲಿನಿಂದ. ಬೆಳಿಗ್ಗೆ ಮೈದಾನ, ಮಧ್ಯಾಹ್ನದ ಮೇಲೆ ಕಾರ್ಖಾನೆ. ಈಗ ಆ ಕಾರ್ಖಾನೆ ಇಲ್ಲ, ಅದರ ಜಾಗದಲ್ಲಿ ಅಪಾರ್ಟ್‌ಮೆಂಟುಗಳಿವೆ. ಒಂದು ವರ್ಷ ಕಾರ್ಖಾನೆಯ ತಂಡ ದೇಶದ ದೊಡ್ಡ ಟೂರ್ನಿಯೊಂದನ್ನು ಗೆದ್ದಿತು. ಅದರ ಫಲವಾಗಿ ಏಷ್ಯಾದ ಕ್ಲಬ್‌ಗಳ ಟೂರ್ನಿಯ ಅರ್ಹತಾ ಸುತ್ತಿಗೆ ಕರೆ ಬಂತು. ಆಗ ಅರ್ಹತಾ ಸುತ್ತೆಂದರೆ ಎರಡು ಪಂದ್ಯ. ಒಂದು ಅವರ ಊರಿನಲ್ಲಿ, ಇನ್ನೊಂದು ನಮ್ಮ ಊರಿನಲ್ಲಿ. ಎರಡರ ಗೋಲುಗಳನ್ನೂ ಕೂಡಿ, ಹೆಚ್ಚು ಹೊಡೆದವರು ಮುಂದಕ್ಕೆ. ಮೊದಲ ಪಂದ್ಯಕ್ಕೆ ಫಸ್ಟ್ ಲೆಗ್ ಎಂದೂ ಎರಡನೆಯದಕ್ಕೆ ಸೆಕೆಂಡ್ ಲೆಗ್ ಎಂದೂ ಹೆಸರು.

ಫಸ್ಟ್ ಲೆಗ್‌ಗೆ ತಂಡ ವಿದೇಶಕ್ಕೆ ಹೋಯಿತು. ಮಾಮ ವಿಮಾನ ಹತ್ತಿದ್ದು ಅದೊಂದೇ ಪ್ರಯಾಣದಲ್ಲಿ. ಅಲ್ಲಿ ಮಳೆ. ಎಡಗಡೆಯಿಂದ ತೇಲಿ ಬಂದ ಚೆಂಡನ್ನು ಹಿಡಿಯಲು ಅವರು ಮೇಲಕ್ಕೆ ಎಗರಿದರು, ಹಿಡಿದರು, ಕೆಳಗೆ ಇಳಿಯುವಷ್ಟರಲ್ಲಿ ಅದು ಕೈಯಿಂದ ಜಾರಿತು. ಎದುರಾಳಿಯೊಬ್ಬ ಸುಮ್ಮನೆ ಕಾಲು ಚಾಚಿದ. ಒಂದು–ಸೊನ್ನೆ. ಪಂದ್ಯ ಹಾಗೆಯೇ ಮುಗಿಯಿತು. ಬಟ್ಟೆ ಬದಲಿಸುವ ಕೋಣೆಯಲ್ಲಿ ಯಾರೂ ಅವರನ್ನು ಬೈಯಲಿಲ್ಲವಂತೆ. ಅವರೇ ಹೇಳಿದರಂತೆ, "ನಮ್ಮೂರಿಗೆ ಬರ್ಲಿ, ನೋಡ್ಕೋತೀನಿ."

ಎದುರಾಳಿಗಳು ಬರಲಿಲ್ಲ. ಪಂದ್ಯ ನಡೆಸಲು ನಮ್ಮ ಮೈದಾನ ಯೋಗ್ಯವಲ್ಲ ಎಂದು ತಪಾಸಣೆಗೆ ಬಂದವರು ಹೇಳಿದರು. ಬೇರೆ ಊರಿನಲ್ಲಿ ಆಡಿಸಲು ಕಾರ್ಖಾನೆಯ ಆಡಳಿತ ಒಪ್ಪಲಿಲ್ಲ. ಎದುರಾಳಿಗೆ ವಾಕ್‌ಓವರ್ ಸಿಕ್ಕಿತು, ಅಂದರೆ ಆಡದೆಯೇ ಗೆಲುವು. ಕ್ಯಾಂಟೀನಿನಲ್ಲಿ ಚಹಾಕ್ಕೆ ಸಾಲಿನಲ್ಲಿ ನಿಂತಿದ್ದಾಗ ಮಾಮನಿಗೆ ಈ ಸುದ್ದಿ ತಿಳಿಯಿತು. ಲೋಟ ಹಿಡಿದುಕೊಂಡೇ ಯಂತ್ರಗಳಿದ್ದ ಶಾಪ್‌ವರೆಗೂ ನಡೆದು ಬಂದರಂತೆ... ಅದರಲ್ಲಿ ಚಹಾ ಇತ್ತೋ ಇಲ್ಲವೋ ನೆನಪಿಲ್ಲ ಎನ್ನುತ್ತಿದ್ದರು.

ಆಮೇಲೆ ಅವರ ಮಾತಿನಲ್ಲಿ ಜಗತ್ತಿನ ಪ್ರತಿಯೊಂದಕ್ಕೂ ಎರಡು ಲೆಗ್. ನಾನು ಪಿಯುಸಿಯಲ್ಲಿ ಫೇಲಾದಾಗ ನಮ್ಮ ಮನೆಯಲ್ಲಿ ಎರಡು ದಿನ ಯಾರೂ ಸರಿಯಾಗಿ ಊಟ ಮಾಡಲಿಲ್ಲ. ಮಾಮ ಗೇಟಿನಿಂದ ಇಣುಕಿ, "ಫಸ್ಟ್ ಲೆಗ್ ಕಣಯ್ಯ, ಅದೂ ಅವರ ಊರಲ್ಲಿ. ಎದ್ದು ಮುಖ ತೊಳ್ಕೊ" ಎಂದರು. ಮಗಳನ್ನು ನೋಡಲು ಗಂಡಿನವರು ಬಂದು ಹೋದಾಗಲೂ ಅದೇ ಮಾತು. ನಾವು ಅವರ ಮನೆಗೆ ಹೋಗಿ ಬರೋವರೆಗೂ ಏನೂ ಹೇಳಕ್ಕಾಗಲ್ಲ ಎಂದರು. ಅತ್ತೆ ಬಿಡುತ್ತಿರಲಿಲ್ಲ. "ಇವರಿಗೆ ಉಪ್ಪಿಟ್ಟು ಸೀದುಹೋದ್ರೂ ಫಸ್ಟ್ ಲೆಗ್ಗು. ಸೆಕೆಂಡ್ ಲೆಗ್‌ಗೆ ನೀವೇ ಅಡುಗೆಮನೆಗೆ ಇಳೀರಿ, ನಾನು ವಾಕ್‌ಓವರ್ ಕೊಡ್ತೀನಿ" ಎನ್ನುತ್ತಿದ್ದರು. ಆ ಪದವನ್ನು ಅವರ ಮುಂದೆ ಆಡಬಲ್ಲವರು ಅತ್ತೆ ಒಬ್ಬರೇ.

ಸಂಜೆ ಹೊತ್ತು ವರಾಂಡದ ಮೆಟ್ಟಿಲ ಮೇಲೆ ಕೂತು ಮಂಡಿಗಳಿಗೆ ನೀಲಗಿರಿ ಎಣ್ಣೆ ತಿಕ್ಕಿಕೊಳ್ಳುವುದು ಅವರ ಅಭ್ಯಾಸ. ಕೀಪರ್ ಆಗಿ ಬಿದ್ದ ಮಂಡಿಗಳು. ಆಮೇಲೆ ಅಂಗೈಗಳಿಗೂ ಅದೇ ಎಣ್ಣೆ. ಅಂಗೈಗೆ ನೋವಿತ್ತೇ ಎಂದು ನಾನು ಯಾವತ್ತೂ ಕೇಳಲಿಲ್ಲ...

ನಾನು ಪತ್ರಿಕೆಗೆ ಸೇರಿ ಕ್ರೀಡಾ ವಿಭಾಗದಲ್ಲಿ ನೆಲೆಯೂರಿ ವರ್ಷಗಳಾದ ಮೇಲೆ ನಮ್ಮ ನಗರದ ಕ್ಲಬ್ ಒಂದಕ್ಕೆ ಏಷ್ಯಾ ಟೂರ್ನಿಯ ಅರ್ಹತಾ ಸುತ್ತು ಆಡುವ ಅವಕಾಶ ಬಂತು. ಪಂದ್ಯ ಎದುರಾಳಿಯ ದೇಶದಲ್ಲಿ. ಸುದ್ದಿ ಬರೆದದ್ದು ನಾನೇ. "ಒಂದೇ ಪಂದ್ಯದ ಅರ್ಹತಾ ಸುತ್ತು" ಎಂಬ ಸಾಲು ಅದರಲ್ಲಿತ್ತು. ಎರಡು ಪಂದ್ಯಗಳ ಪದ್ಧತಿ ಆ ಸುತ್ತಿನಿಂದ ಹೋಗಿ ಕೆಲವು ವರ್ಷಗಳಾಗಿದ್ದವು. ಮಾಮ ಆ ಸಾಲನ್ನು ಓದಿದ್ದರು. ನಮ್ಮೂರಿಗೆ ಸಿಗುವುದು ಒಂದೇ ಪಂದ್ಯ ಎಂದು ಅರ್ಥ ಮಾಡಿಕೊಂಡಿದ್ದರು. ಅದು ಆಮೇಲೆ ತಿಳಿಯಿತು.

ಪಂದ್ಯದ ಸಂಜೆ ಅವರ ಮನೆಯ ನಡುಮನೆಯಲ್ಲಿ ನಾವು ನಾಲ್ಕೈದು ಜನ ಸೇರಿದ್ದೆವು. ಅವರ ಟಿವಿಗೆ ಧ್ವನಿ ಇರುತ್ತಿರಲಿಲ್ಲ. ಗೋಲ್‌ಕೀಪರ್ ಬಗ್ಗೆ ಕಾಮೆಂಟ್ರಿಯವರು ಬಾಯಿಗೆ ಬಂದದ್ದು ಮಾತಾಡುತ್ತಾರೆ ಎಂದು ಅವರು ಪಂದ್ಯಗಳನ್ನು ಯಾವಾಗಲೂ ಮೂಕವಾಗಿ ನೋಡುತ್ತಿದ್ದರು. ಅತ್ತೆ ಮಂಡಕ್ಕಿ ಕಲಸಿ ತಂದರು. ಮಹಡಿ ಮನೆಯಲ್ಲಿ ಬಾಡಿಗೆಗಿದ್ದ ಇಬ್ಬರು ಯುವಕರೂ ಬಂದು ಕೂತಿದ್ದರು.

ನಮ್ಮ ಕೀಪರ್ ಚಿಕ್ಕ ವಯಸ್ಸಿನವನು. ಬೇರೆ ರಾಜ್ಯದ ಗುಡ್ಡದ ಊರಿನಿಂದ ಬಂದವನು. ದ್ವಿತೀಯಾರ್ಧದಲ್ಲಿ ಎಡಗಡೆಯಿಂದ ಚೆಂಡು ತೇಲಿ ಬಂತು. ಅವನು ಎಗರಿದ, ಹಿಡಿದ, ಬಿಟ್ಟ. ಗೋಲು.

"ಏನ್ ಗುರು ಇವ್ನು, ಬೆಣ್ಣೆ ದೋಸೆ ತಿಂದು ಕೈ ತೊಳ್ಕೊಳ್ದೇ ಬಂದವ್ನಾ?" ಎಂದ ಆ ಯುವಕರಲ್ಲಿ ಒಬ್ಬ.

ಟಿವಿಯಲ್ಲಿ ಗೋಲು ಹೊಡೆದವರು ಒಬ್ಬರ ಮೇಲೊಬ್ಬರು ಬಿದ್ದು ಕುಣಿಯುತ್ತಿದ್ದರು. ಮಾಮ ಮುಂದಕ್ಕೆ ಬಾಗಿ ಟಿವಿಗೆ ಹೇಳಿದರು, "ಅವ್ನನ್ನ ತೋರಿಸ್ರೋ. ಆ ಹುಡ್ಗನ್ನ ತೋರಿಸ್ರೋ." ತೋರಿಸಲಿಲ್ಲ.

ಪಂದ್ಯ ಒಂದು–ಸೊನ್ನೆಯಲ್ಲೇ ಮುಗಿಯಿತು. ಬಾಡಿಗೆಯ ಯುವಕ ಎದ್ದು ಮೈ ಮುರಿದು, "ಕತೆ ಮುಗೀತು ಮಗಾ, ನಡಿ" ಎಂದು ಗೆಳೆಯನನ್ನು ಎಬ್ಬಿಸಿದ.

"ಎಲ್ಲೋ ಮುಗೀತು?" ಎಂದರು ಮಾಮ. ಅವರ ಮುಖದಲ್ಲಿ ನಾನು ಅದುವರೆಗೆ ಕಾಣದಿದ್ದ ಒಂದು ಕಳೆ ಇತ್ತು. "ಇದು ಇಂಟರ್ವಲ್ ಕಣ್ರೋ. ಒಂದೇ ಗೋಲು ತಾನೆ? ಆ ಹುಡ್ಗ ನಮ್ಮೂರಲ್ಲಿ ನೋಡ್ಕೋತಾನೆ. ಎಲ್ರೂ ಹೋಗೋಣ."

ಯುವಕ ನನ್ನ ಮುಖ ನೋಡಿದ. ನಾನು ಅತ್ತೆಯ ಮುಖ ನೋಡಿದೆ. ಟಿವಿಯ ಕೆಳಗಿನ ಪಟ್ಟಿಯಲ್ಲಿ, ನಮ್ಮ ಕ್ಲಬ್ ಹೊರಬಿತ್ತು ಎಂಬ ಇಂಗ್ಲಿಷ್ ಸಾಲು ಹೋಗುತ್ತಿತ್ತು. ಮಾಮ ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು. "ಮಂಡಕ್ಕಿ ಮಿಕ್ಕಿದೆ, ತಗೊಂಡ್ಹೋಗ್ರಪ್ಪ" ಎಂದರು ಅತ್ತೆ.

ಮುಂದಿನ ವಾರಗಳಲ್ಲಿ ಆ ಮನೆಯಲ್ಲಿ ಹಬ್ಬದ ತಯಾರಿ ನಡೆಯಿತು. ಟ್ರಂಕಿನಿಂದ ಕಾರ್ಖಾನೆ ತಂಡದ ಹಸಿರು ಜೆರ್ಸಿ ಹೊರಬಂತು. ನುಸಿಗುಳಿಗೆಯ ವಾಸನೆ ಹೋಗಲಿ ಎಂದು ಅತ್ತೆ ಅದನ್ನು ದಿನವೂ ತಂತಿಯ ಮೇಲೆ ಹರವುತ್ತಿದ್ದರು. ಲಿಂಗರಾಜಪುರದಲ್ಲಿ ಅವರ ಹಳೆಯ ಜೊತೆಗಾರರೊಬ್ಬರಿದ್ದರು. ಅದೇ ತಂಡದಲ್ಲಿ ಎಡಗಡೆಯ ರಕ್ಷಣೆಗೆ ಆಡಿದವರು. ಇಬ್ಬರೂ ದಿನಾ ಫೋನಿನಲ್ಲಿ ಜಗಳವಾಡುತ್ತಿದ್ದರು. ಯಾವ ಗೇಟಿನಲ್ಲಿ ಹೋಗುವುದು, ಮೆಟ್ರೊ ಯಾವ ನಿಲ್ದಾಣದಲ್ಲಿ ಹತ್ತುವುದು, ಯಾವ ಕಡೆ ಕೂತರೆ ಕಣ್ಣಿಗೆ ಬಿಸಿಲು ಹೊಡೆಯುವುದಿಲ್ಲ. "ಏಯ್, ನಿನ್ ಕಡೆಯಿಂದಾನೇ ಕಣೋ ಅವತ್ತು ಬಾಲ್ ಬಂದಿದ್ದು, ನೀನು ಬಾಯ್ಮುಚ್ಚು" ಎಂದು ಮಾಮ ನಗುವುದು ನಮ್ಮ ಮನೆಗೂ ಕೇಳಿಸುತ್ತಿತ್ತು. ಸೆಕೆಂಡ್ ಲೆಗ್ ಇಲ್ಲ ಎಂಬುದು ಫೋನಿನ ಆ ಕಡೆಯವರಿಗೂ ಗೊತ್ತಿತ್ತು. ಅವರೂ ಹೇಳಲಿಲ್ಲ.

ನಾನು ಕೆಲಸದಿಂದ ಬರುವುದನ್ನೇ ಕಾದಿದ್ದು ಮಾಮ ಕೇಳುತ್ತಿದ್ದರು, "ಏನ್ ಪೇಪರ್ರು, ಟಿಕೆಟ್ ಯಾವಾಗ ಬಿಡ್ತಾರೆ?"

ಒಂದು ಭಾನುವಾರ ಸಂಜೆ ಅತ್ತೆ ನಮ್ಮ ಗೇಟಿಗೆ ಬಂದರು. "ನೀನೇ ಹೇಳ್ಬಿಡಪ್ಪ. ನಾನು ಹೇಳಿದ್ರೆ ಫುಟ್‌ಬಾಲ್ ಬಗ್ಗೆ ನಿಂಗೇನೇ ಗೊತ್ತು ಅಂತಾರೆ. ನಿನ್ನೆ ಆ ಜೆರ್ಸಿಗೆ ಇಸ್ತ್ರಿ ಮಾಡ್ಸಿದ್ದಾರೆ."

ನಾನು ಹೋದೆ. ಮಾಮ ಮೆಟ್ಟಿಲ ಮೇಲೆ ಮಂಡಿ ತಿಕ್ಕಿಕೊಳ್ಳುತ್ತಿದ್ದರು. ನಿಯಮವನ್ನು ನಿಯಮದ ಹಾಗೆಯೇ ಹೇಳಿದೆ. ಈಗ ಅರ್ಹತಾ ಸುತ್ತಿಗೆ ಒಂದೇ ಪಂದ್ಯ, ಅದು ಆಗಿಹೋಗಿದೆ, ಇಲ್ಲಿ ಇನ್ನೊಂದು ಇಲ್ಲ.

ಅವರ ಕೈ ಮಂಡಿಯ ಮೇಲೆ ಹಾಗೇ ನಿಂತಿತು. "ಸೆಕೆಂಡ್ ಲೆಗ್ ತೆಗೆದ್‌ಹಾಕಿದ್ದಾರಾ?"

"ಹೂಂ ಮಾಮ."

"ಯಾರು ಕೇಳಿದ್ರು ತೆಗೀರಿ ಅಂತ?"

ಅವರು ಎದುರಿನ ತಂತಿಯನ್ನು ನೋಡಿದರು. ಅದರ ಮೇಲೆ ಆವತ್ತು ಏನೂ ಇರಲಿಲ್ಲ. ತಮ್ಮ ಬಗ್ಗೆ ಏನಾದರೂ ಹೇಳುತ್ತಾರೆ ಎಂದುಕೊಂಡೆ. ಅವರು ಕೇಳಿದ್ದು ಬೇರೆ.

"ಹಾಗಾದ್ರೆ ಆ ಹುಡ್ಗ... ಆ ಕೀಪರ್ರು? ಅವ್ನು ಈಗ ಏನ್ ಮಾಡ್ತಾನೆ ಪಾಪ?"

ಅವನನ್ನು ಒಮ್ಮೆ ನೋಡಬೇಕು, ಕರೆದುಕೊಂಡು ಹೋಗು ಎಂದರು. ಏನು ಮಾತಾಡ್ತೀರಿ, ಅವನಿಗೆ ಕನ್ನಡ ಬರಲ್ಲ ಎಂದೆ. "ಮಾತೇನು ಬೇಡ. ಕೈ ಹಿಡ್ಕೊಂಡು ಸುಮ್ನೆ ನಿಂತ್ಕೋತೀನಿ, ಅಷ್ಟೆ" ಎಂದರು. ಅದೇ ದಿನ ಕ್ಲಬ್ಬಿನವರಿಗೆ ಫೋನ್ ಮಾಡಿದೆ. ತಂಡ ಅಭ್ಯಾಸಕ್ಕೆ ಬೇರೆ ಊರಿಗೆ ಹೋಗಿದೆ, ಬಂದ ಮೇಲೆ ಅವಶ್ಯವಾಗಿ ಬನ್ನಿ ಎಂದರು. ತಂಡ ವಾಪಸಾಯಿತು, ಕೀಪರ್ ಅದರಲ್ಲಿರಲಿಲ್ಲ. ಪರಸ್ಪರ ಒಪ್ಪಿಗೆಯ ಮೇರೆಗೆ ಅವನು ಕ್ಲಬ್ ಬಿಟ್ಟಿದ್ದಾನೆ ಎಂಬ ಎರಡು ಸಾಲಿನ ಹೇಳಿಕೆ ನಮ್ಮ ಕಚೇರಿಗೆ ಬಂತು. ಪುಟದ ಕೆಳಗಿನ ಮೂಲೆಯಲ್ಲಿ ಹಾಕಿದೆವು. ಮಾರನೆಯ ಬೆಳಿಗ್ಗೆ ಅದನ್ನು ಮಾಮನಿಗೆ ನಾನೇ ಓದಿ ಹೇಳಿದೆ.

"ಪರಸ್ಪರ ಒಪ್ಪಿಗೆ ಅಂದ್ರೆ?"

"ಇಬ್ರೂ ಒಪ್ಪಿದ್ರು ಅಂತ ಮಾಮ."

"ಅವನನ್ನ ಯಾರು ಕೇಳಿರ್ತಾರೆ?" ಎಂದು ಪೇಪರನ್ನು ಮಡಿಸಿ ನನ್ನ ಕೈಗಿತ್ತರು. "ಅವನ ಮ್ಯಾಚನ್ನೂ ವಾಕ್‌ಓವರ್ ಕೊಟ್ಬಿಟ್ರು, ಬಿಡು."

ಆ ಪದವನ್ನು ಅವರ ಬಾಯಿಂದ ನಾನು ಕೇಳಿದ್ದು ಆಗ ಮಾತ್ರ. ಆಮೇಲೆ ಸೆಕೆಂಡ್ ಲೆಗ್ ಎಂಬ ಮಾತೂ ಆ ಮನೆಯಿಂದ ಹೊರಬರಲಿಲ್ಲ. ಉಪ್ಪಿಟ್ಟು ಸೀದರೆ ಸುಮ್ಮನೆ ತಿನ್ನುತ್ತಾರೆ, ಒಂದು ಮಾತಾದ್ರೂ ಅನ್ನಬಾರದಾ ಎಂದು ಅತ್ತೆ ನಮ್ಮಮ್ಮನ ಹತ್ತಿರ ಹೇಳಿಕೊಂಡರು. ಸಂಜೆ ಮೆಟ್ಟಿಲ ಮೇಲೆ ಕೂರುತ್ತಿದ್ದರು, ಎಣ್ಣೆಯ ಸೀಸೆ ಪಕ್ಕದಲ್ಲಿರುತ್ತಿತ್ತು... ಮುಚ್ಚಳ ತೆಗೆದದ್ದು ನೆನಪಿಲ್ಲ.

ಮುಂದಿನ ವರ್ಷ ಉಸಿರಾಟದ ತೊಂದರೆಯಿಂದ ಆಸ್ಪತ್ರೆ ಸೇರಿದ ಮಾಮ ಮನೆಗೆ ಹಿಂತಿರುಗಲಿಲ್ಲ. ಲಿಂಗರಾಜಪುರದ ಗೆಳೆಯ ಮಗನ ತೋಳು ಹಿಡಿದು ಬಂದರು. ವರಾಂಡದಲ್ಲಿ ನನ್ನ ಪಕ್ಕದ ಕುರ್ಚಿಯಲ್ಲಿ ಕೂತು, ಯಾರನ್ನೂ ನೋಡದೆ ಮಾತಾಡಿದರು.

"ಅವತ್ತು ಬಾಲ್ ಎಷ್ಟು ಒದ್ದೆ ಆಗಿತ್ತು ಗೊತ್ತಾ ನಿಮ್ಗೆ? ಯಾರ ಕೈಯಿಂದಾದ್ರೂ ಜಾರೋದು. ಇಡೀ ಟೀಮಿಗೆ ಗೊತ್ತಿತ್ತು. ನಿನ್ನ ತಪ್ಪಲ್ಲ ಅಂತ ಒಬ್ರೂ ಅವನಿಗೆ ಹೇಳ್ಲಿಲ್ಲ."

"ಯಾಕೆ ಸರ್?"

"ಸೆಕೆಂಡ್ ಲೆಗ್ ಇತ್ತಲ್ಲ. ರೋಷ ಇರ್ಲಿ, ಆಮೇಲೆ ಹೇಳೋಣ ಅಂತ ಇದ್ವಿ."

ಒಳಗೆ ಅತ್ತೆಗೆ ಅದು ಕೇಳಿಸಿತ್ತು.

ಔಷಧಿ ಅಂಗಡಿಯ ಮುಂದಿನ ಮರಳನ್ನು ಈಗ ಗುಡಿಸಿದ್ದಾರೆ. ವಾಸನೆ ಇನ್ನೂ ಪೂರ್ತಿ ಹೋಗಿಲ್ಲ. ಆ ಕೀಪರ್ ಈಗ ಬೇರೆ ರಾಜ್ಯದ ತಂಡದಲ್ಲಿದ್ದಾನೆ. ನಿನ್ನೆ ಸಂಜೆ ಆ ತಂಡ ದೇಶದ ಲೀಗಿನಲ್ಲಿ ನಮ್ಮ ನಗರದ ಕ್ಲಬ್ ವಿರುದ್ಧ ಇಲ್ಲಿಯೇ ಆಡಿತು. ಪಂದ್ಯ ಸೊನ್ನೆ–ಸೊನ್ನೆಯಲ್ಲಿ ಮುಗಿಯಿತು. ಅವನು ಗೋಲು ಬಿಡಲಿಲ್ಲ. ಅತ್ತೆ ಪಂದ್ಯವನ್ನು ಮನೆಯಲ್ಲಿ ಪೂರ್ತಿ ನೋಡಿದರು. ಟಿವಿಗೆ ಧ್ವನಿ ಇರಲಿಲ್ಲ.