ಕೆಂಪಣ್ಣ ಬೆಂಕಿ ಬಿಟ್ಟ ಬೇಸಿಗೆ

ಬೆಳಗಿನ ನಡಿಗೆಯಲ್ಲಿದ್ದೆ. ಪಕ್ಕದ ಖಾಲಿ ಸೈಟಿನಲ್ಲಿ ಯಾರೋ ತರಗೆಲೆ ಸುಡುತ್ತಿದ್ದರು. ಆ ಹೊಗೆ ಮೂಗಿಗೆ ತಾಕಿದ್ದೇ ತಡ, ಬೊಮ್ಮಸಂದ್ರದಲ್ಲಿ ನಮ್ಮ ಗೋಡೆಯಾಚೆಗಿದ್ದ ಕೆಂಪಣ್ಣ ನೆನಪಾದ.

ಆಗ ನಾನು ಕಾರ್ಖಾನೆಯೊಂದರ ಶಿಫ್ಟ್ ಇನ್‌ಚಾರ್ಜ್. ಸೈರನ್ನಿಗಿಂತ ಮೊದಲೇ ಗೇಟಿನಲ್ಲಿರುತ್ತಿದ್ದ ಪ್ರಾಣಿ. ನನ್ನ ಸೀನಿಗೂ ವೇಳೆ ಗೊತ್ತಿದೆಯೆಂದು ಹೆಂಡತಿ ಇವತ್ತಿಗೂ ಹಂಗಿಸುತ್ತಾಳೆ. ಕೆಂಪಣ್ಣ ಕಾಡಿನ ಬೆಂಕಿ ಆರಿಸುವ ತಂಡದ ಹಿರಿಯ. ಬೇಸಿಗೆಯಲ್ಲಿ ಗುಡ್ಡದ ಕಡೆ ಹೊಗೆ ಕಂಡರೆ ಉಣ್ಣುವ ತಟ್ಟೆ ಬಿಟ್ಟು ಎದ್ದುಬಿಡುತ್ತಿದ್ದ.

ಒಂದು ಭಾನುವಾರ ಅವನ ಹಿಂದೆಯೇ ಹೋಗಿದ್ದೆ. ಆಳೆತ್ತರದ ಹುಲ್ಲು ತಿನ್ನುತ್ತಾ ಬರುವ ಬೆಂಕಿಯ ಸದ್ದು ಕೇಳಿದ್ದೀರಾ? ಗೂಡ್ಸ್ ರೈಲು ಮೈಮೇಲೆ ಬಂದಂತಿರುತ್ತದೆ. ಕೆಂಪಣ್ಣನ ತಂಡದವರು ಓಡಲಿಲ್ಲ. ಅದರ ದಾರಿಯ ಹುಲ್ಲಿಗೆ ತಾವೇ ಇನ್ನೊಂದು ಬೆಂಕಿ ಹಚ್ಚಿ, ಹಾರುವ ಕಿಡಿ ಬಡಿಯಲು ಹಸಿಸೊಪ್ಪು ಹಿಡಿದು ಹಿಂದೆ ನಿಂತರು.

“ಅಣ್ಣೋ, ಸಾಕು ಬಾರಣ್ಣೋ!” ಎಂದು ಒಬ್ಬ ಕೂಗಿದ.

“ಇರ್ಲಾ, ನೆಂಟ್ರು ಬರೋವಾಗ ಬಾಗ್ಲಾಕ್ತಾರಾ?” ಎಂದ ಕೆಂಪಣ್ಣ.

ಎರಡು ಬೆಂಕಿಗಳೂ ಎದುರುಬದುರಾಗಿ ಎದ್ದು ನಿಂತವು, ಒಂದನ್ನೊಂದು ತಬ್ಬಿದವು. ಮರುಗಳಿಗೆ ತಿನ್ನಲು ಏನೂ ಇಲ್ಲದೆ ಕುಸಿದವು. ನಾನು ನಿಂತಲ್ಲೇ ನಿಂತುಬಿಟ್ಟಿದ್ದೆ. ಕೆಂಪಣ್ಣ ಮಸಿ ಬಳಿದ ಮುಖದಲ್ಲಿ ಮದುಮಗನಂತೆ ನಗುತ್ತಿದ್ದ.

ಅಂಥವನು ಮುಂದಿನ ಬೇಸಿಗೆಯ ನಡುವೆಯೇ ಆ ಕೆಲಸ ಬಿಟ್ಟು ನಮ್ಮ ಕಾರ್ಖಾನೆಯ ಗೇಟಿನ ಕಾವಲಿಗೆ ಬಂದು ನಿಂತ. ಹೆದರಿದ ಎಂದರು ಕೆಲವರು. ಕಾರಣ ಅವನ ಹೆಂಡತಿ ಸಿದ್ದಮ್ಮನೆಂದು ಗೋಡೆ ಹಂಚಿಕೊಂಡ ನಮಗೆ ಗೊತ್ತಿತ್ತು. ಗಂಡ ಬೆಂಕಿಗೆ ಹೋದರೆ ತಿರುಗಿ ಬರುವವರೆಗೆ ಆಕೆ ಒಲೆ ಹಚ್ಚುತ್ತಿರಲಿಲ್ಲ. ಗಂಡಸು ಬೆಂಕಿಯೆದುರು ಇರುವಾಗ ಮನೆಯಲ್ಲಿ ಬೆಂಕಿಯನ್ನು ಕೆಣಕಬಾರದೆಂಬುದು ಅವರ ಮನೆತನದ ಪದ್ಧತಿ. ಮಕ್ಕಳು ನಮ್ಮಲ್ಲಿ ಉಣ್ಣುತ್ತಿದ್ದವು, ಆಕೆಗೆ ಬರೀ ನೀರು. ಆ ಸಲ ಗುಡ್ಡ ದಿನಗಟ್ಟಲೆ ಉರಿಯಿತು. ಸಕ್ಕರೆ ಕಾಯಿಲೆಯ ಹೆಂಗಸು ಬಚ್ಚಲಲ್ಲಿ ಕುಸಿದಳು. ಆಸ್ಪತ್ರೆಗೆ ಸೇರಿಸಿದವರು ನಾವು.

ಗುಡ್ಡದಿಂದ ಆಸ್ಪತ್ರೆಗೆ ಓಡಿಬಂದ ಕೆಂಪಣ್ಣ ಅವಳಿಗೆ ಕೈಮುಗಿದ. “ನೀನ್ ಉಣ್ಣೇ ತಾಯಿ, ನಂಗೇನೂ ಆಗಕಿಲ್ಲ.”

“ನೀನ್ ಬೆಂಕಿ ಬುಡು, ನಾನ್ ಒಲೆ ಅಚ್ತೀನಿ,” ಎಂದಳು ಮಲಗಿದ್ದಲ್ಲಿಂದಲೇ.

ಗೇಟಿನಲ್ಲಿ ಒಮ್ಮೆ ಕೇಳಿದೆ, “ಬೇಜಾರಾಗಲ್ವೇನಪ್ಪಾ?”

“ಒಟ್ಟೆ ಉರೀತದೆ ಸಾರ್. ಆದ್ರೆ ಗುಡ್ಡಕ್ಕೆ ನಾನಿಲ್ದಿದ್ರೆ ಇನ್ನೊಬ್ಬ ಓಯ್ತಾನೆ. ಅವ್ಳು ಇನ್ಯಾರ್ಗೋಸ್ಕರಾನೂ ಅಸ್ಕೊಂಡ್ ಕೂರಾಕಿಲ್ವಲ್ಲ.”

ಮರುವರ್ಷ ಅವನ ಪಾಳಿಯಲ್ಲೇ ಗುಡ್ಡ ಹತ್ತಿಕೊಂಡಿತು. ಗೇಟಿನ ಕಂಬಿಯನ್ನು ಎರಡೂ ಕೈಯಲ್ಲಿ ಹಿಡಿದು, ಕಣ್ಣು ಕೀಳದೆ ನಿಂತಿದ್ದ. ಪಾಳಿ ಮುಗಿಸಿ ಇಬ್ಬರೂ ಒಟ್ಟಿಗೆ ಬಂದೆವು. ಸಿದ್ದಮ್ಮ ಹೊಗೆ ನೋಡಿ, ಗಂಡ ಹೋಗೇ ಹೋಗಿರುತ್ತಾನೆಂದು ಕತ್ತಲ ಅಡುಗೆಮನೆಯಲ್ಲಿ ಕೂತಿದ್ದಳು. ಅವನು ನೆಟ್ಟಗೆ ಒಳಗೆ ಹೋದ. ಕುಕ್ಕರುಗಾಲಲ್ಲಿ ಕೂತು ತಾನೇ ಒಲೆ ಹಚ್ಚಿದ. ಆ ಭಾನುವಾರ ಗುಡ್ಡದ ಬೆಂಕಿಯೆದುರು ನಿಂತಂತೆಯೇ ನಾನು ಅವರ ಹೊಸಿಲಲ್ಲಿ ನಿಂತುಬಿಟ್ಟೆ.

ಇವತ್ತು ನಡಿಗೆಯನ್ನು ಅರ್ಧಕ್ಕೇ ಬಿಟ್ಟು ಮನೆಗೆ ಬಂದೆ. ಬಾಗಿಲು ತೆಗೆದ ಹೆಂಡತಿ ಗಡಿಯಾರ ನೋಡಿ ಗಾಬರಿಯಾದಳು.

“ಏನ್ರೀ, ಎದೆ ಗಿದೆ ನೋಯ್ತಿದ್ಯಾ?”

“ಇಲ್ಲ ಕಣೇ,” ಎಂದೆ. “ಕಾಫಿ ಇಡು. ಇಲ್ಲೇ ಅಡುಗೆಮನೇಲಿ ಕೂತ್ಕೋತೀನಿ.”