ಪುಟ್ಟತಾಯತ್ತೆ ಹಾಡದ ಚರಣ

ದೈವಪ್ರೇರಣೆ, ಪವಾಡ ಎಂದು ಯಾರಾದರೂ ಶುರು ಮಾಡಿದರೆ ಮೊದಲು ನಗುವವನು ನಾನೇ. ಟ್ಯೂನು ಆಕಾಶದಿಂದ ಉದುರುವುದಿಲ್ಲ, ಸೊಂಟ ನೋಯುವಷ್ಟು ಹಾರ್ಮೋನಿಯಂ ಮುಂದೆ ಕೂತರೆ ಬರುತ್ತದೆ ಎಂದು ಇವತ್ತಿಗೂ ಹೇಳುತ್ತೇನೆ. ಅರಕಲಗೂಡಿನ ಆ ಮಧ್ಯಾಹ್ನದ ವಿಷಯಕ್ಕೆ ಬಂದರೆ ಮಾತ್ರ ನನ್ನ ಬಾಯಿ ಕಟ್ಟುತ್ತದೆ.

ಆಗ ಹಾಸನದ ಆರ್ಕೆಸ್ಟ್ರಾಗಳಲ್ಲಿ ಕೀಬೋರ್ಡ್ ನುಡಿಸುತ್ತಿದ್ದೆ. ಹೇಗೋ ಒಂದು ಧಾರಾವಾಹಿಯ ಶೀರ್ಷಿಕೆ ಗೀತೆ ಕೈಗೆ ಬಂದಿತ್ತು. ಪಲ್ಲವಿ ಕೂಡಿಬಂತು, ಚರಣ ಏನು ಮಾಡಿದರೂ ಬರಲೊಲ್ಲದು. ಕಳಿಸಿದ್ದನ್ನೆಲ್ಲ ನಿರ್ದೇಶಕರು ಬೇಡವೆಂದರು. ಕೊನೆಗೆ, ಸಂಜೆಯೊಳಗೆ ಕೊಡದಿದ್ದರೆ ಬೇರೆಯವರಿಂದ ಮಾಡಿಸುತ್ತೇವೆ ಎಂದುಬಿಟ್ಟರು. ಅದೇ ದಿನ ನನ್ನ ಸೋದರತ್ತೆ ಪುಟ್ಟತಾಯಮ್ಮನ ಮೊಮ್ಮಗಳಿಗೆ ಅರಿಶಿನ ಶಾಸ್ತ್ರ. ತಪ್ಪಿಸಿದರೆ ಅತ್ತೆ ಈ ಜನ್ಮದಲ್ಲಿ ಮಾತಾಡಿಸುವುದಿಲ್ಲ. ಜೋಲು ಮೋರೆ ಹಾಕಿಕೊಂಡೇ ಅರಕಲಗೂಡಿನ ಬಸ್ಸು ಹತ್ತಿದೆ.

ಹೆಂಗಸರು ಹುಡುಗಿಗೆ ಅರಿಶಿನ ಹಚ್ಚುತ್ತಿದ್ದರು. ಅತ್ತೆ ಸೋಬಾನೆ ಎತ್ತಿಕೊಂಡರು. ಸೋಬಾನೆ ನಿಮಗೆ ಗೊತ್ತಲ್ಲ, ಒಂದೇ ಧಾಟಿ ಸುತ್ತಿ ಸುತ್ತಿ ಬರುತ್ತದೆ, ಒಬ್ಬರು ಹೇಳಿದ್ದನ್ನು ಉಳಿದವರು ಹಿಡಿದು ಹೇಳುತ್ತಾರೆ. ಇದ್ದಕ್ಕಿದ್ದಂತೆ ಅತ್ತೆಯ ದನಿ ಧಾಟಿ ಬಿಟ್ಟಿತು. ನನ್ನ ಪಲ್ಲವಿ ನಿಂತಿದ್ದ ಸ್ವರದಿಂದಲೇ ಮೇಲಕ್ಕೇರಿ, ಹಾಗೇ ಇಳಿದು ಮತ್ತೆ ಪಲ್ಲವಿಗೆ ಬಂದು ಸೇರಿತು. ಮೈ ಜುಮ್ಮೆಂದಿತು. ಹಿತ್ತಲಿಗೆ ಓಡಿ, ನೀರೊಲೆಯ ಪಕ್ಕ ನಿಂತು, ಕೇಳಿದ್ದನ್ನು ಮೊಬೈಲಿಗೆ ಗುನುಗಿ ನಿರ್ದೇಶಕರಿಗೆ ಕಳಿಸಿದೆ. ಎಲೆ ಮುಂದೆ ಕೂತಾಗ ಫೋನು ಬಂತು. ಹಾಡು ಒಪ್ಪಿಗೆಯಾಗಿತ್ತು. ಖುಷಿಗೆ ಇನ್ನೊಂದು ಹೋಳಿಗೆ ಹಾಕಿಸಿಕೊಂಡೆ.

ಅಲ್ಲಿಂದಾಚೆ ಧಾರಾವಾಹಿ, ಸಿನಿಮಾ ಎಂದು ಕೆಲಸ ಹುಡುಕಿಕೊಂಡು ಬಂತು. ಮನೆಮಂದಿಯೆಲ್ಲ ಉಣ್ಣುತ್ತಿರುವುದು ಆ ಚರಣದ ಅನ್ನ. ಬಿಡುವಾದಾಗ ಒಂದು ಸೀರೆ ತೆಗೆದುಕೊಂಡು ಹೋಗಿ ಅತ್ತೆಯ ಕಾಲಿಗೆ ಬಿದ್ದೆ, ಹಾಡು ಕೇಳಿಸಿ ನಡೆದದ್ದನ್ನು ಹೇಳಿದೆ.

"ನಾನೆಲ್ಲಪ್ಪ ಅಂಗಾಡ್ದೆ? ನಂಗ್ ಬರೋದು ಒಂದೇ ಧಾಟಿ ಕಣ್ ಮಗ" ಎಂದರು.

ಅತ್ತೆಯ ಸೊಸೆಯೂ ಒಳಗಿಂದ ಬಂದಳು. "ಅವತ್ತೂ ಅದೇ ಆಡಿದ್ದು ಕಣಣ್ಣ. ನಾವೇ ಇಡ್ಕೊಂಡು ಏಳುದ್ವಲ್ಲ, ಬ್ಯಾರೆ ಆಡಿದ್ರೆ ಗೊತ್ತಾಯ್ತಿರ್ಲಿಲ್ವಾ?"

ಮೊಬೈಲಿನಲ್ಲಿ ಹಾಡು ಮತ್ತೆ ಹಾಕಿದೆ. ಅತ್ತೆ ಇನ್ನೊಂದು ಸಲ ಹಾಡು ಕೇಳಿದರು. "ಬೋ ಚೆಂದಾಗೈತೆ. ನಂಗೂ ಏಳ್ಕೊಡ್ಲಾ, ಮುಂದಿನ್ ಮದ್ವೇಲಿ ಆಡ್ತೀನಿ."

ಅವರಿಂದ ಕಲಿತದ್ದನ್ನು ಅವರಿಗೇ ಹೇಳಿಕೊಟ್ಟೆ. ಕಣ್ಣು ಮುಚ್ಚಿಕೊಂಡು ಶ್ರದ್ಧೆಯಿಂದ ಹಾಡಿದರು. ಆ ಏರುವ ಜಾಗ ಬಂದಾಗಲೆಲ್ಲ ದನಿ ಜಾರಿ ಹಳೆಯ ಧಾಟಿಗೇ ಬೀಳುತ್ತಿತ್ತು. ಎಷ್ಟು ಹೇಳಿಕೊಟ್ಟರೂ ಅವರಿಗೆ ಬರಲೇ ಇಲ್ಲ.