ಬಚ್ಚಲ ಹೊಸ್ತಿಲಿಗೆ ಸಿಲಿಕೋನ್

ಮಂಡಿ ಆಪರೇಷನ್ ಆದ ಮೇಲೆ ಅಮ್ಮ ಕೊಪ್ಪದ ನಮ್ಮ ಮನೆಗೆ ಬಂದಳು. ಅವಳಿಗೆಂದೇ ಕೋಣೆ ಪಕ್ಕದಲ್ಲಿ ಕಕ್ಕಸು ಸಮೇತ ಹೊಸ ಬಚ್ಚಲು ಕಟ್ಟಿಸಿದ್ದೆವು. ಹೊಸ್ತಿಲ ಕಲ್ಲೂ ನೆಲವೂ ಸೇರುವ ಸಂದಿಯಿಂದ ನೀರು ಜಿನುಗಿ, ಬಾಗಿಲ ಮುಂದಿನ ಟೈಲ್ಸ್ ಯಾವಾಗಲೂ ಒದ್ದೆ. ಅಲ್ಲಿ ಅಮ್ಮ ಜಾರಿದರೆ ಮುಗಿಯಿತು, ಅದೊಂದೇ ನನ್ನ ಹೆದರಿಕೆ.

ನನ್ನ ಯಜಮಾನರಿಗೆ ಹೆದರಿಕೆ ಇಲ್ಲ, ಅಭಿಪ್ರಾಯ ಇದೆ. ಸಂದಿಗೆ ತುಂಬುವ ಅಂಟು ತರಲು ಹೋದವರು ಎಲ್ಲಿಗೆ ಬೇಕು ಅಂತ ಅಂಗಡಿಯವನಿಗೆ ಹೇಳಲೇ ಇಲ್ಲ. ಹೇಳಿದರೆ ತನಗೆ ಗೊತ್ತಿಲ್ಲ ಅಂತಾಗುತ್ತದಲ್ಲ. ಅಕ್ರಿಲಿಕ್ ಟ್ಯೂಬ್ ಹಿಡಿದು ಬಂದರು. "ಇದರ ಮೇಲೆ ಪೇಂಟ್ ಬೇರೆ ಹೊಡೆಯಬಹುದು" ಅಂದರು. ಬಚ್ಚಲ ಹೊಸ್ತಿಲ ಬುಡಕ್ಕೆ ಪೇಂಟ್ ಹೊಡೆದು ಯಾರಿಗೆ ತೋರಿಸುವುದೋ. ಕಿಟಕಿ ಚೌಕಟ್ಟಿಗೆ ಹಾಕುವ ಮಾಲು ಅದು, ದಿನಾ ನೀರು ಬಿದ್ದು ಮೆತ್ತಗಾಗಿ ಎದ್ದು ಬಂತು.

ಶೃಂಗೇರಿಯ ಭಾವ ಸಿಮೆಂಟೇ ಸಾಕು ಅಂದರು. ಎನ್.ಆರ್.ಪುರದ ಅತ್ತಿಗೆ ಫೋನಿನಲ್ಲಿ ಡಾಂಬರು ಅಂದಳು. ಇಬ್ಬರ ಮನೆ ಬಚ್ಚಲೂ ಸೋರುತ್ತದೆ, ನಾನೇ ಕಣ್ಣಾರೆ ಕಂಡಿದ್ದೇನೆ.

ಕೊನೆಗೆ ನಾನೇ ಹೋಗಿ ಕೇಳಿದೆ. ನೀರು ಬೀಳುವಲ್ಲಿಗೆ ಬೂಷ್ಟು ಹಿಡಿಯದ ಸಿಲಿಕೋನ್ ಬೇಕು, ಜಾಗ ಚೊಕ್ಕ ಇರಬೇಕು, ಪೂರ್ತಿ ಒಣಗಿರಬೇಕು ಅಂದ ಅಂಗಡಿಯವ. ತಂದು ಮನೆಯಲ್ಲಿ ಹಾಗೇ ಹೇಳಿದೆ. "ನೀನು ಸುಮ್ನಿರು ಮಾರಾಯ್ತಿ" ಅಂದ ಯಜಮಾನರು ಹಲಸಿನ ಹಣ್ಣು ಬಿಡಿಸಲು ಕೂತವರ ಹಾಗೆ ಎರಡೂ ಕೈಗೆ ತೆಂಗಿನೆಣ್ಣೆ ಬಳಿದುಕೊಂಡರು. ಮೇಣ ಮುಟ್ಟುವ ಮೊದಲು ಎಣ್ಣೆ, ಇದನ್ನು ನಮ್ಮ ಕಡೆಯವರಿಗೆ ಯಾರೂ ಹೇಳಿಕೊಡಬೇಕಿಲ್ಲ. ಅದೇ ಕೈಯಲ್ಲಿ ಸಂದಿ ಒರೆಸಿ, ಅಂಟು ತುಂಬಿ, ಬೆರಳಲ್ಲಿ ನೀವಿ ಚಂದ ಮಾಡಿದರು. ಕೈಗೆ ಒಂಚೂರೂ ಅಂಟಲಿಲ್ಲ. ಕಲ್ಲಿಗೂ ಅಂಟಲಿಲ್ಲ. ಮರುದಿನ ತುದಿ ಹಿಡಿದು ಎಳೆದರೆ ಶ್ಯಾವಿಗೆ ಎಳೆಯ ಹಾಗೆ ಇಡಿಯಾಗಿ ಕೈಗೆ ಬಂತು.

"ಕಂಪನಿಯೇ ಸರಿ ಇಲ್ಲ" ಅಂದರು. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ನನಗೆ ಸಿಟ್ಟು ನೆತ್ತಿಗೇರಿತು, ಬಾಯಿಗೆ ಬಂದದ್ದೆಲ್ಲ ಅಂದೆ. ಅವರೂ ಬಿಡಲಿಲ್ಲ.

ಅಮ್ಮ ಕೋಣೆಯಿಂದ ಕರೆದಳು. "ನನ್ನ ದೆಸೆಯಿಂದ ಎಂತಕ್ಕೆ ಜಗಳ? ಅಲ್ಲಿ ಕಾಲಿಡಲಿಕ್ಕೆ ಹೆದರಿಕೆ ಅಂತ ನಾನು ನೀರು ಕುಡಿಯುವುದೇ ಕಮ್ಮಿ ಮಾಡಿದ್ದೇನೆ. ಈಗೀಗ ಬಾಯಾರಿಕೆಯೂ ಅಷ್ಟು ಗೊತ್ತಾಗುವುದಿಲ್ಲ." ನಮ್ಮನ್ನು ಸಮಾಧಾನ ಮಾಡಲು ಹೇಳಿದ್ದು ಅವಳು.

ಯಜಮಾನರು ಸೋಪಿನಲ್ಲಿ ಕೈ ತೊಳೆದು, ಹೊಸ್ತಿಲ ಎಣ್ಣೆ ತಿಕ್ಕಲು ಕೂತರು. ನಾನು ಲೋಟದಲ್ಲಿ ನೀರು ತಂದು ಅಮ್ಮನ ಕೈಗೆ ಕೊಟ್ಟೆ. ಅವಳು ಅದನ್ನು ಹಿಡಿದುಕೊಂಡು ಬಚ್ಚಲ ಕಡೆ ನೋಡಿದಳು.

"ಆ ಹೊಸ್ತಿಲು ಒಣಗಲಿ, ಆಮೇಲೆ ಕುಡಿತೇನೆ" ಅಂದಳು.